ಡೇರಿ ಎಲೆಕ್ಷನ್‌ಗೆ ಕೋರ್ಟಿಗೆ ಹೋಗ್ತೀರಾ? ಅರ್ಜಿಯಲ್ಲಿ ಯಾರ ಹೆಸರಿದೆ ನೋಡಿಕೊಳ್ಳಿ

ನಿಮ್ಮೂರ ಹಾಲಿನ ಡೇರಿಗೋ ವಿಎಸ್‌ಎಸ್‌ಎನ್‌ಗೋ (ವ್ಯವಸಾಯ ಸೇವಾ ಸಹಕಾರ ಸಂಘ) ಚುನಾವಣೆ ಹತ್ತಿರ ಬಂದಿದ್ದರೆ ಇದನ್ನು ಓದಿ. ಯಾವ ಊರು, ಯಾವ ಡೇರಿ ಅಂತ ಮಾತ್ರ ಕೇಳಬೇಡಿ. ನಾಳೆ ಬೆಳಿಗ್ಗೆ ನಾನೂ ಅಲ್ಲಿಗೇ ಹಾಲು ಹಾಕಬೇಕು.

ನಮ್ಮಲ್ಲಿ ಮತದಾರರ ಪಟ್ಟಿ ನೋಟಿಸ್ ಬೋರ್ಡಿಗೆ ಬಿದ್ದಾಗ ಒಂದು ಕೇರಿಯ ಮುಕ್ಕಾಲು ಜನ ಅನರ್ಹರ ಪಟ್ಟಿಯಲ್ಲಿದ್ದರು. ಕಾರಣ ಅಂದರೆ, ವಾರ್ಷಿಕ ಮಹಾಸಭೆಗೆ ಗೈರು. 1959ರ ಕರ್ನಾಟಕ ಸಹಕಾರ ಸಂಘಗಳ ಕಾಯ್ದೆಯಲ್ಲಿ ಇದಕ್ಕೆ ದಾರಿ ಇದೆ. ಸಭೆಗೆ ಬಾರದವರಿಗೆ, ಸಂಘದ ಜೊತೆ ಕನಿಷ್ಠ ವ್ಯವಹಾರ ಮಾಡದವರಿಗೆ ವೋಟಿಲ್ಲ. ಆದರೆ ನಾವು ಸಭೆಗೆ ಹೋಗಿದ್ದೆವು! ಹೋದಾಗ ಸಹಿ ಪುಸ್ತಕ ತುಂಬಿದೆ ಅಂತ ಬಿಳಿ ಹಾಳೆ ಕೊಟ್ಟು, ಆಮೇಲೆ ಅಂಟಿಸ್ತೀವಿ ಅಂದಿದ್ದರು. ಹಾಳೆಯ ಮೇಲೆ ಗೆರೆ ಕೂಡ ಎಳೆದಿರಲಿಲ್ಲ, ಸಭೆಯ ತಾರೀಖೂ ಇರಲಿಲ್ಲ. ಆ ಹಾಳೆ ಎಲ್ಲಿ ಹೋಯಿತೋ ದೇವರಿಗೇ ಗೊತ್ತು. ಉಪ್ಪಿಟ್ಟು ತಿಂದಿದ್ದು ಊರಿಗೆಲ್ಲ ನೆನಪಿದೆ, ಪುಸ್ತಕದಲ್ಲಿ ಮಾತ್ರ ನಾವಿಲ್ಲ.

ಆಕ್ಷೇಪಣೆ ಕೊಟ್ಟೆವು, ತಿರಸ್ಕಾರವಾಯಿತು. ಆಗ ಮುಂದೆ ಬಂದವರು ನಮ್ಮ ಕಡೆಯ ಮುಖಂಡರು. ಹೈಕೋರ್ಟಿಗೆ ಹೋಗೋಣ, ಮನೆಗಿಷ್ಟು ಅಂತ ಹಾಕಿ ಅಂದರು. ರಸೀದಿ ಗಿಸೀದಿ ಏನೂ ಇಲ್ಲ. ಹೈಕೋರ್ಟಿನ ರಿಟ್ ಅರ್ಜಿಗೆ ವಕಾಲತ್ತು, ಅಂದರೆ ವಕೀಲರನ್ನು ನೇಮಿಸುವ ಪತ್ರಕ್ಕೆ, ಸಹಿ ಹಾಕಿದ್ದು ಸ್ವಲ್ಪ ಜನ ಮಾತ್ರ, ಉಳಿದವರು ದುಡ್ಡು ಕೊಟ್ಟು ನಮ್ಮದೂ ಸೇರಿದೆ ಅಂದುಕೊಂಡರು. ಮಧ್ಯಂತರ ಆದೇಶವೇನೋ ಸಿಕ್ಕಿತು. ಮತದಾನದ ದಿನ ಗೊತ್ತಾಗಿದ್ದು ಇಷ್ಟು: ಅರ್ಜಿಯಲ್ಲಿ ಹೆಸರಿದ್ದವರಿಗೆ ಮಾತ್ರ ವೋಟು. ಹಾಲಿನ ಪಾಸ್‌ಬುಕ್ ಕೈಯಲ್ಲಿ ಹಿಡಿದು ಸಾಲಲ್ಲಿ ನಿಂತಿದ್ದ ಹೆಂಗಸರನ್ನು ಬಾಗಿಲಲ್ಲೇ ವಾಪಸ್ ಕಳಿಸಿದರು. ಕೋರ್ಟ್ ಆದೇಶದವರ ವೋಟಿಗೆ ಬೇರೆ ಡಬ್ಬ, ಅದಕ್ಕೆ ಬಟ್ಟೆ ಸುತ್ತಿ ಅರಗಿನ ಸೀಲು. ಫಲಿತಾಂಶಕ್ಕೆ ತಡೆ.

ಆಮೇಲೆ ಶುರುವಾಯಿತು ನೋಡಿ ಕಾಯೋದು. ಆಯ್ಕೆಯಾದ ಮಂಡಳಿ ಇಲ್ಲವಲ್ಲ, ಸಂಘ ನಡೆಸೋಕೆ ಆಡಳಿತಾಧಿಕಾರಿ ಬಂದರು. ಅವರಿಗೆ ಇನ್ನೂ ಎಷ್ಟೋ ಸಂಘಗಳ ಜವಾಬ್ದಾರಿ, ಸಹಿಗೆ ಅವರನ್ನೇ ಹುಡುಕಿಕೊಂಡು ತಾಲ್ಲೂಕಿಗೆ ಹೋಗಬೇಕು. ಹಾಲಿನ ಕೊಬ್ಬು ಅಳೆಯೋ ಫ್ಯಾಟ್ ಮಷೀನ್ ಕೆಟ್ಟರೆ ರಿಪೇರಿಗೂ ಅದೇ ಕಥೆ.

ಕೊನೆಗೆ ಹೈಕೋರ್ಟ್ ಡಬ್ಬ ಎಣಿಸಿ ಫಲಿತಾಂಶ ಕೊಡಿ, ಬೇರೆ ತಕರಾರಿದ್ದರೆ ಅದೇ ಸಹಕಾರ ಕಾಯ್ದೆಯ 70ನೇ ಕಲಂ (ತಕರಾರುಗಳ ಕಲಂ) ಅಡಿ ಹೋಗಿ ಅಂತ ಅರ್ಜಿ ಮುಗಿಸಿತು. ಇದೇನೂ ಹೊಸದಲ್ಲವಂತೆ. ಮತದಾರರ ಪಟ್ಟಿ ಮಾಡೋದೂ ಚುನಾವಣೆಯ ಭಾಗವೇ, ಅದರ ತಪ್ಪನ್ನು ಚುನಾವಣೆ ಮುಗಿದ ಮೇಲೆ ಚುನಾವಣಾ ತಕರಾರಿನಲ್ಲೇ ಎತ್ತಬೇಕು ಅಂತ 2001ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ಅದೂ ಮಹಾರಾಷ್ಟ್ರದ ಒಂದು ಹಾಲು ಉತ್ಪಾದಕರ ಸಂಘದ ಕೇಸಿನಲ್ಲೇ! ನಮಗೆ ಇದನ್ನು ಮೊದಲೇ ಯಾರೂ ಹೇಳಲಿಲ್ಲ. ಎಣಿಸಿದಾಗ ಎದುರು ಗುಂಪು ಕೂದಲೆಳೆಯಲ್ಲಿ ಗೆದ್ದಿತು. ವಾಪಸ್ ಕಳಿಸಿದ ಆ ವೋಟುಗಳು ಬಿದ್ದಿದ್ದರೆ ಕಥೆಯೇ ಬೇರೆ.

ಈಗ ಮುಖ್ಯ ವಿಷಯಕ್ಕೆ ಬರ್ತೀನಿ. ಸಹಕಾರ ಸಂಘದ ಚುನಾವಣಾ ತಕರಾರು ಊರಿನ ಸಿವಿಲ್ ಕೋರ್ಟಿಗೆ ಹೋಗಲ್ಲ, ಸಹಕಾರ ಇಲಾಖೆಯ ನಿಬಂಧಕರ ಕಡೆ ಹೋಗುತ್ತೆ. ಗಡುವು ಫಲಿತಾಂಶ ಘೋಷಣೆಯಾದ ದಿನದಿಂದ 30 ದಿನ. ನಮ್ಮ ಮುಖಂಡರು ಗಡುವಿನೊಳಗೇ ಹಾಕಿದರು, ಆದರೆ ತಮ್ಮೊಬ್ಬರ ಹೆಸರಲ್ಲಿ. ಎಲ್ಲರೂ ಓಡಾಡೋದು ಯಾಕೆ ಸುಮ್ನೆ, ನಾನಿದ್ದೀನಲ್ಲ ಅಂದರು. ಕೆಲವು ತಿಂಗಳು ಕಳೆದ ಮೇಲೆ ಒಂದು ದಿನ ಮೆಮೊ (ಚಿಕ್ಕ ಲಿಖಿತ ಮನವಿ) ಹಾಕಿ ಕೇಸು ವಾಪಸ್ ತೆಗೆದುಕೊಂಡರು. ಯಾರನ್ನೂ ಕೇಳಲಿಲ್ಲ. ರಾಜಿ ಆಗಿದೆ ಅಂತ ನಮಗೆ ಗೊತ್ತಾಗಿದ್ದೇ ಟೀ ಅಂಗಡಿಯಲ್ಲಿ. ರಾಜಿಯಲ್ಲಿ ಅವರಿಗೇನು ಸಿಕ್ಕಿತೋ ನನಗೆ ಗೊತ್ತಿಲ್ಲ, ಊಹೆ ಬರೆಯಲ್ಲ. ನಾವು ಮುಂದುವರಿಸೋಣ ಅಂದರೆ 30 ದಿನ ಎಂದೋ ಮುಗಿದಿತ್ತು. ಹೊಸ ಮಂಡಳಿಗೆ ಐದು ವರ್ಷ. ಕೊಟ್ಟ ದುಡ್ಡಿನ ಲೆಕ್ಕ ಕೇಳಿದವರಿಗೆ, ಲಾಯರ್ ಫೀಸ್ ಏನು ಪುಕ್ಕಟೆನಾ ಅನ್ನೋ ಉತ್ತರ.

ಆದ್ದರಿಂದ, ಗುಂಪಾಗಿ ಹೋಗುವುದಾದರೆ ಪ್ರತಿಯೊಬ್ಬರೂ ಅರ್ಜಿದಾರರಾಗಿ. ಬೇರೆ ಬೇರೆ ಮನೆಯವರು ಅರ್ಜಿಯಲ್ಲಿದ್ದರೆ ಒಬ್ಬರು ಹಿಂದೆ ಸರಿದರೂ ಕೇಸು ಉಳಿಯುತ್ತೆ. ಅರ್ಜಿಯ ಪ್ರತಿ ನಿಮ್ಮ ಮನೆಯಲ್ಲೇ ಇರಲಿ, ಕೇಸ್ ನಂಬರ್ ಬರೆದಿಟ್ಟುಕೊಳ್ಳಿ. ಹೈಕೋರ್ಟ್ ಕೇಸಾದರೆ ಮೊಬೈಲ್‌ನಲ್ಲೇ ಮುಂದಿನ ತಾರೀಖು ನೋಡಬಹುದು, ಮುಖಂಡರನ್ನು ಕೇಳಬೇಕಾಗಿಲ್ಲ. ದುಡ್ಡನ್ನು ಫೋನ್‌ಪೇಯಲ್ಲಿ ಕೊಡಿ, ಗುರುತು ಉಳಿಯುತ್ತೆ.

ಇನ್ನು ಸಹಿ. ಸೆಪ್ಟೆಂಬರ್ ಬಂದರೆ ಮಹಾಸಭೆಗಳ ಸೀಸನ್. ಬಿಳಿ ಹಾಳೆ ಕೊಟ್ಟರೆ ಸಹಿ ಹಾಕಬೇಡಿ, ಪುಸ್ತಕವೇ ಬೇಕು ಅನ್ನಿ. ಸಹಿ ಹಾಕಿದ ಪುಟದ ಫೋಟೊ ತೆಗೆದುಕೊಳ್ಳಿ. ಕಾರ್ಯದರ್ಶಿ ಮುಖ ಸಿಂಡರಿಸಿದರೆ ಸಿಂಡರಿಸಲಿ. ಆರ್‌ಟಿಐ ಹಾಕಿ ಆಮೇಲೆ ತೆಗೆಸ್ತೀನಿ ಅನ್ನೋ ಧೈರ್ಯವೂ ಬೇಡ. ಸಹಕಾರ ಸಂಘಗಳು ಸಾಮಾನ್ಯವಾಗಿ ಆ ಮಾಹಿತಿ ಹಕ್ಕು ಕಾಯ್ದೆಗೆ ಬರಲ್ಲ ಅಂತ 2013ರಲ್ಲಿ ಕೇರಳದ ಕೇಸಿನಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಇಲಾಖೆಯ ಕಚೇರಿಗೆ ಬಂದಿರುವ ಕಾಗದ ಸಿಗಬಹುದು, ಡೇರಿಯ ಬೀರುವಿನಲ್ಲಿರೋ ಸಹಿ ಪುಸ್ತಕ ಹಾಗೆ ಸಿಗೋದು ಕಷ್ಟ.