ಪೋಷಕ ನಟನೊಬ್ಬನ ಮೌನಕ್ಕೆ ಸಂದ ಗೌರವ

ವೃತ್ತಿಜೀವನದ ಬಹುಪಾಲನ್ನು ಪೋಷಕ ಪಾತ್ರಗಳಲ್ಲೇ ಕಳೆದ ಅಮೆರಿಕದ ನಟ ಹ್ಯಾರಿ ಡೀನ್ ಸ್ಟ್ಯಾಂಟನ್ (1926–2017) ಅವರನ್ನು ಕುರಿತು ಸೋಫಿ ಹ್ಯೂಬರ್ ನಿರ್ದೇಶಿಸಿದ ‘ಪಾರ್ಟ್ಲಿ ಫಿಕ್ಷನ್’ (2012), ಅಭಿನಯ ಕಲೆಯನ್ನು ಪ್ರೀತಿಸುವವರೆಲ್ಲ ನೋಡಬೇಕಾದ ಸಾಕ್ಷ್ಯಚಿತ್ರ. ಕೆಂಟಕಿಯಲ್ಲಿ ಹುಟ್ಟಿ, ಎರಡನೆಯ ಮಹಾಯುದ್ಧದ ಕಾಲದಲ್ಲಿ ನೌಕಾಪಡೆಯಲ್ಲಿ ದುಡಿದ ಸ್ಟ್ಯಾಂಟನ್, ‘ಏಲಿಯನ್’ (1979) ಮುಂತಾದ ಚಿತ್ರಗಳಲ್ಲಿ ಸಣ್ಣ ಪಾತ್ರಗಳಿಗೂ ಜೀವ ತುಂಬಿದವರು. ಐವತ್ತೇಳು ದಾಟುವ ಹೊತ್ತಿಗೆ ಬಂದ ‘ಪ್ಯಾರಿಸ್, ಟೆಕ್ಸಾಸ್’ನಲ್ಲಿ (1984) ಅವರು ನಾಯಕರಾದರು, ಆರಂಭದಲ್ಲಿ ಬಹಳ ಹೊತ್ತು ಒಂದು ಮಾತನ್ನೂ ಆಡದೆ, ಬರಿಯ ಕಣ್ಣು ಮತ್ತು ನಡಿಗೆಯಿಂದಲೇ ಪ್ರೇಕ್ಷಕರನ್ನು ಹಿಡಿದಿಡುವ ಆ ಅಭಿನಯವನ್ನು ನಾನಂತೂ ವಿಶ್ವ ಸಿನಿಮಾದ ಅತ್ಯುತ್ತಮ ಅಭಿನಯಗಳ ಸಾಲಿನಲ್ಲಿಡುತ್ತೇನೆ.

ಈ ಸಾಕ್ಷ್ಯಚಿತ್ರದ ಶಕ್ತಿಯೂ ಅಂಥದ್ದೇ. ಖಾಸಗಿ ಬದುಕಿನ ಪ್ರಶ್ನೆಗಳಿಗೆ ಸ್ಟ್ಯಾಂಟನ್ ಹೆಚ್ಚು ಉತ್ತರಿಸುವುದಿಲ್ಲ, ಹ್ಯೂಬರ್ ಒತ್ತಾಯಿಸುವುದೂ ಇಲ್ಲ. ಬದಲಿಗೆ ಸ್ಟ್ಯಾಂಟನ್ ಹಾಡುವ ಜನಪದ ಗೀತೆಗಳನ್ನೂ ಆ ಮುಖದ ಸುಕ್ಕುಗಳನ್ನೂ ಷೇಮಸ್ ಮೆಗಾರ್ವಿಯವರ ಕ್ಯಾಮೆರಾ ತಾಳ್ಮೆಯಿಂದ ದಾಖಲಿಸುತ್ತದೆ. ನಿರ್ದೇಶಕ ಡೇವಿಡ್ ಲಿಂಚ್ ಜೊತೆಗಿನ ಮಾತುಕತೆ ವಿಶೇಷವಾಗಿ ಆಪ್ತವಾಗಿದೆ. ‘ಬಿಗ್ ಲವ್’ ಧಾರಾವಾಹಿಯ ರೋಮನ್ ಗ್ರಾಂಟ್‌ನಂತಹ ಕಿರುತೆರೆಯ ಪಾತ್ರಗಳಿಗೆ ಇನ್ನಷ್ಟು ಜಾಗ ಸಿಗಬೇಕಿತ್ತು.