ಅಟ್ಟದ ಮೇಲೆ ಬಂದ ಸಿಬಿಐ

ಇದನ್ನು ಬರೆಯಲಿಕ್ಕೆ ಹತ್ತು ತಿಂಗಳು ಬೇಕಾಯಿತು. ಕಾರಣ ನಾಚಿಕೆ, ಬೇರೇನೂ ಅಲ್ಲ. ಮೂವತ್ತೊಂದು ವರ್ಷ ಸೊಸೈಟಿಯಲ್ಲಿ ಲೆಕ್ಕ ಬರೆದವನು ನಾನು. ಊರಿನ ಅರ್ಧ ಜನರಿಗೆ ಬ್ಯಾಂಕಿನ ಫಾರಂ ತುಂಬಿಕೊಟ್ಟವನು. ಅಂಥವನು 'ಡಿಜಿಟಲ್ ಅರೆಸ್ಟ್' ಎಂಬ ಫೋನಿನ ಮೋಸಕ್ಕೆ ಬಿದ್ದು 5,15,000 ರೂಪಾಯಿಯನ್ನು ಮುಖ ಮೂತಿ ಗೊತ್ತಿಲ್ಲದವರಿಗೆ ಕಳಿಸಿದೆ ಎಂದು ಹೇಳಿಕೊಳ್ಳುವುದು ಸುಲಭವಲ್ಲ. ಆದರೆ ಕಳೆದ ವಾರ ಸಿದ್ದಾಪುರ ಕಡೆಯ ನೆಂಟರೊಬ್ಬರಿಗೆ ಅದೇ ಫೋನು, ಅದೇ ಕಥೆ. ಇನ್ನು ಬಾಯಿಮುಚ್ಚಿ ಕೂರುವುದು ಸರಿಯಲ್ಲ ಅನಿಸಿತು.

ನಮ್ಮ ಮನೆ ಶಿರಸಿ ಪೇಟೆಯಿಂದ ಹದಿನಾಲ್ಕು ಕಿಲೋಮೀಟರ್ ಒಳಗೆ. ಮೊಬೈಲ್ ಸಿಗ್ನಲ್ ಸಿಗುವುದು ಅಟ್ಟದ ಮೇಲೆ, ಪೂರ್ವದ ಕಿಟಕಿಯ ಹತ್ತಿರ ಮಾತ್ರ. 2025ರ ಮಾರ್ಚ್. ಅಂಗಳದಲ್ಲಿ ಚಾಲಿ ಅಡಿಕೆ ಒಣಗುತ್ತಿತ್ತು. ಬೆಳಿಗ್ಗೆ ಹತ್ತೂಕಾಲಿಗೆ ಫೋನು ಬಂತು. ನಿಮ್ಮ ಆಧಾರ್‌ನಲ್ಲಿ ಮುಂಬೈಯಲ್ಲಿ ಒಂದು ಸಿಮ್ ತಗೊಂಡಿದ್ದಾರೆ, ಅದರಿಂದ ಅಪರಾಧ ನಡೆದಿದೆ, ಎರಡು ತಾಸಿನಲ್ಲಿ ನಿಮ್ಮ ಎಲ್ಲಾ ನಂಬರ್ ಬಂದ್ ಆಗುತ್ತದೆ ಎಂದರು. ಹಿಂದಿಯಲ್ಲಿ. ನನ್ನ ಹಿಂದಿ ಶಾಲೆಯಲ್ಲಿ ಕಲಿತದ್ದು. ತಡವರಿಸಿದೆ. ಕೂಡಲೇ 'ಕನ್ನಡ ಬಲ್ಲ ಅಧಿಕಾರಿ'ಯನ್ನೇ ಕೊಟ್ಟರು. ಬೆಂಗಳೂರು ಕಡೆಯ ಕನ್ನಡ, ಮಾತೆಲ್ಲ ಬಹುವಚನದಲ್ಲಿ, ಬಹಳ ಮರ್ಯಾದೆ.

ಅವರು ಮೊದಲು ಹೆದರಿಸಲಿಲ್ಲ, ಕೇಳಿದರು. ಯಾವ ಊರು? ಉತ್ತರ ಕನ್ನಡ. ಕಾರವಾರ ಹತ್ತಿರವಾ? ಹೌದು. ಅಲ್ಲಿ ನೇವಿ ಬೇಸ್ ಇದೆ ಅಲ್ವಾ? ಇದೆ. ನಿಮ್ಮವರು ಯಾರಾದರೂ ಅಲ್ಲಿ ಇದ್ದಾರಾ? ನನ್ನ ತಂಗಿಯ ಮಗ ಆ ನೌಕಾನೆಲೆ ಸೀಬರ್ಡ್‌ನಲ್ಲಿ ಗುತ್ತಿಗೆದಾರರೊಬ್ಬರ ಕೈಕೆಳಗೆ ವೈರಿಂಗ್ ಕೆಲಸ ಮಾಡುತ್ತಾನೆ. ಅದನ್ನು ನಾನೇ ಹೇಳಿದೆ. ಹತ್ತು ನಿಮಿಷದ ಮೇಲೆ ಅವರು ಅದನ್ನೇ ನನಗೆ ತಿರುಗಿ ಹೇಳಿದರು: ನಿಮ್ಮ ಸಿಮ್‌ನಿಂದ ನೌಕಾನೆಲೆಯ ಫೋಟೋ ಹೊರದೇಶಕ್ಕೆ ಹೋಗಿದೆ.

ಆಗ ನನ್ನ ಕಾಲಿನ ಬಲ ಹೋಯಿತು. ಯಾಕೆಂದರೆ ಹಿಂದಿನ ತಿಂಗಳಷ್ಟೇ ಪೇಪರಿನಲ್ಲಿ ಓದಿದ್ದೆ. ನೌಕಾನೆಲೆಯ ಮಾಹಿತಿ ಸೋರಿಕೆ ಪ್ರಕರಣದಲ್ಲಿ ರಾಷ್ಟ್ರೀಯ ತನಿಖಾ ಸಂಸ್ಥೆ, ಅಂದರೆ ಎನ್‌ಐಎಯವರು ನಮ್ಮ ಜಿಲ್ಲೆಯ ಇಬ್ಬರನ್ನು ಬಂಧಿಸಿದ್ದರು. ಆ ಕೇಸು ಮೊದಲು ದಾಖಲಾದದ್ದು ಎಲ್ಲಿ? ಆಂಧ್ರದಲ್ಲಿ, 2021ರಲ್ಲಿ. ಆಂಧ್ರದ ಕೇಸಿಗೆ ಕಾರವಾರದಲ್ಲಿ ಬಂಧನ ಆಗುತ್ತದೆ ಅಂದಮೇಲೆ ಮುಂಬೈ ಕೇಸಿಗೆ ಶಿರಸಿಯಲ್ಲಿ ಯಾಕೆ ಆಗಬಾರದು? ಬೇಲೆಕೇರಿ ಬಂದರಿನ ಅದಿರು ಪ್ರಕರಣಕ್ಕೆ ಸಿಬಿಐ ಬಂದದ್ದನ್ನೂ ನೋಡಿದವರು ನಾವು. ಏನೂ ಗೊತ್ತಿಲ್ಲದವನಾಗಿದ್ದರೆ ಫೋನ್ ಇಡುತ್ತಿದ್ದೆನೋ ಏನೋ. ಅರ್ಧ ಗೊತ್ತಿತ್ತು, ಅದೇ ಮುಳುವಾಯಿತು.

ಆಮೇಲೆ ವಿಡಿಯೋ ಕಾಲ್. ಖಾಕಿ ಹಾಕಿದವರೊಬ್ಬರು, ಭುಜದ ಮೇಲೆ ನಕ್ಷತ್ರ, ಹಿಂದೆ ಗೋಡೆಯ ಮೇಲೆ ಸಿಬಿಐ ಲಾಂಛನ. ವಾಟ್ಸಾಪ್‌ಗೆ ಒಂದು ಪತ್ರ ಬಂತು. ಒಂದೇ ಹಾಳೆಯಲ್ಲಿ ಸಿಬಿಐ ಲಾಂಛನ, ರಿಸರ್ವ್ ಬ್ಯಾಂಕಿನ ಮುದ್ರೆ, ಸುಪ್ರೀಂ ಕೋರ್ಟಿನ ಹೆಸರು. ಲೆಕ್ಕದ ಪುಸ್ತಕದಲ್ಲಿ ಒಂದು ರೂಪಾಯಿ ಆಚೀಚೆ ಆದರೆ ಹಿಡಿಯುತ್ತಿದ್ದವನಿಗೆ ಇದು ಕಾಣಲಿಲ್ಲ. ನೀವು ಈಗ ಡಿಜಿಟಲ್ ಅರೆಸ್ಟ್‌ನಲ್ಲಿದ್ದೀರಿ, ಕ್ಯಾಮೆರಾ ಮುಂದಿನಿಂದ ಏಳಬಾರದು, ಮನೆಯವರಿಗೆ ಹೇಳಿದರೆ ಅವರನ್ನೂ ಆರೋಪಿ ಮಾಡುತ್ತೇವೆ ಎಂದರು.

ನಮ್ಮ ಸಿಗ್ನಲ್ಲೋ, ಐದು ನಿಮಿಷಕ್ಕೊಮ್ಮೆ ಕಡಿಯುತ್ತಿತ್ತು. ಕಡಿದಾಗಲೆಲ್ಲ ಅವರಿಗೆ ಸಿಟ್ಟು, ನನಗೆ ನಡುಕ. ಎರಡು ಅಡಿಕೆ ಚೀಲದ ನಡುವೆ ಕಿಟಕಿಗೆ ಫೋನ್ ಆನಿಸಿ, ಅದು ಬೀಳಬಾರದೆಂದು ಪಕ್ಕಕ್ಕೆ ಒಂದು ಹಳೇ ಮಣೆ ಇಟ್ಟು ಕೂತೆ. ಕೈಕಟ್ಟಿಕೊಂಡು. ನನ್ನದೇ ಮನೆಯ ಅಟ್ಟದಲ್ಲಿ. ಕೆಳಗಿನಿಂದ ಹೆಂಡತಿ ಎರಡು ಸಲ ಊಟಕ್ಕೆ ಕರೆದಳು. 'ಸೊಸೈಟಿಯ ಮೀಟಿಂಗು' ಎಂದು ಸುಳ್ಳು ಹೇಳಿದೆ.

ಮೊದಲು 95,000 ರೂಪಾಯಿ ಫೋನಿನಿಂದಲೇ ಹೋಯಿತು. 'ಪರಿಶೀಲನೆಗೆ, ಎರಡು ದಿನದಲ್ಲಿ ವಾಪಸ್' ಅಂದಿದ್ದರು. ಆಮೇಲೆ ಎಫ್‌ಡಿ ಮುರಿಸಿದರು. ಫೋನನ್ನು ಅಂಗಿಯ ಕಿಸೆಯಲ್ಲಿ ಇಟ್ಟುಕೊಂಡು, ಕಾಲ್ ಕಡಿಯದೆ, ಪೇಟೆಯ ಬ್ಯಾಂಕಿಗೆ ಹೋದೆ. ಕೌಂಟರಿನ ಹುಡುಗಿ, 'ಇಷ್ಟು ದುಡ್ಡು ಯಾರಿಗೆ ಅಂಕಲ್?' ಎಂದು ಕೇಳಿದಳು. ದೇವರಾಣೆ ಕೇಳಿದಳು. 'ಜಾಗ ತಗೊಳ್ಳಲಿಕ್ಕೆ' ಎಂದೆ. ಅದೂ ಅವರೇ ಹೇಳಿಕೊಟ್ಟದ್ದು. 4,20,000 ಆರ್‌ಟಿಜಿಎಸ್ ಆಯಿತು. ಹಾಗಾಗಿ ಬ್ಯಾಂಕನ್ನು ದೂರುವ ಬಾಯಿ ನನಗಿಲ್ಲ.

ಸಂಜೆ ಮತ್ತೆ ಅಟ್ಟ. ರಾತ್ರಿಯೂ ಕ್ಯಾಮೆರಾ ಮುಂದೆಯೇ ಮಲಗಬೇಕು ಎಂದಿದ್ದರು. ಆರು ಗಂಟೆಯ ಹೊತ್ತಿಗೆ ಆಚೆಮನೆಯ ದಫೇದಾರಣ್ಣ ಏಣಿ ಕೇಳಲಿಕ್ಕೆ ಬಂದರು. ಪೊಲೀಸ್ ಇಲಾಖೆಯಲ್ಲಿ ಹೆಡ್ ಕಾನ್‌ಸ್ಟೇಬಲ್ ಆಗಿ ನಿವೃತ್ತರಾದವರು. 'ಬೆಳಿಗ್ಗೆಯಿಂದ ಕೆಳಗೆ ಇಳಿಯಲಿಲ್ಲ, ಊಟ ಇಲ್ಲ, ಕವಳವೂ ಹಾಕಲಿಲ್ಲ' ಎಂದು ಹೆಂಡತಿ ಅವರ ಹತ್ತಿರ ಹೇಳಿದ್ದಾಳೆ. ನಾನು ಕವಳ, ಅಂದರೆ ಎಲೆಅಡಿಕೆ, ಹಾಕಲಿಲ್ಲ ಅಂದರೆ ದೊಡ್ಡ ಸುದ್ದಿಯೇ. ಅವರು ಅಟ್ಟ ಹತ್ತಿ ಬಂದು, ಒಂದು ನಿಮಿಷ ನಿಂತು ಕೇಳಿ, ಫೋನ್ ಕೈಗೆ ತಗೊಂಡರು.

'ಸಾರ್, ನಾನೂ ಡಿಪಾರ್ಟ್‌ಮೆಂಟಿನವನೇ. ಶಿರಸಿ ಠಾಣೆಗೆ ತಿಳಿಸಿದ್ದೀರಾ? ಯಾರ ಹತ್ತಿರ ಮಾತಾಡಿದ್ರಿ?'

ಸ್ಕ್ರೀನ್ ಕಪ್ಪಾಯಿತು. ಈ ಸಲ ಸಿಗ್ನಲ್ ಹೋದದ್ದಲ್ಲ.

ಆ ರಾತ್ರಿ ದಫೇದಾರಣ್ಣ ಜಗಲಿಯಲ್ಲಿ ಕೂತು ಹೇಳಿದ್ದನ್ನು ನಾನು ಹತ್ತು ಗಂಟೆ ಮೊದಲು ಕೇಳಿದ್ದರೆ ಎಫ್‌ಡಿ ಉಳಿಯುತ್ತಿತ್ತು. ಅದಕ್ಕೇ ಸ್ವಲ್ಪ ಉದ್ದವಾಗಿ ಬರೆಯುತ್ತೇನೆ.

ಬೇರೆ ರಾಜ್ಯದ ಪೊಲೀಸರು ನಮ್ಮಲ್ಲಿಗೆ ಬರುವುದು ನಿಜ. ಅವರ ಸರ್ವಿಸಿನಲ್ಲೇ ಎಷ್ಟೋ ಸಲ ಬಂದಿದ್ದರಂತೆ. ಆದರೆ ಜೀಪಿನಲ್ಲಿ ಬರುತ್ತಾರೆ. ಮೊದಲು ಇಲ್ಲಿನ ಠಾಣೆಗೆ ಹೋಗಿ ಹೇಳುತ್ತಾರೆ, ಸ್ಟೇಷನ್ ಡೈರಿಯಲ್ಲಿ ಬರೆಯುತ್ತಾರೆ. ನಮ್ಮ ಕಡೆ ದಾರಿ ಗೊತ್ತಿಲ್ಲದೆ ಯಾವ ಮನೆಯನ್ನೂ ಹುಡುಕಲಿಕ್ಕೆ ಆಗುವುದಿಲ್ಲ, ಹಾಗಾಗಿ ಇಲ್ಲಿನ ಪೊಲೀಸ್ ಒಬ್ಬರು ಜೊತೆಗೆ ಇದ್ದೇ ಇರುತ್ತಾರೆ. ಒಮ್ಮೆ ಮಹಾರಾಷ್ಟ್ರದವರು ಬಂದಾಗ ಇವರೇ ಟಾರ್ಚ್ ಹಿಡಿದು ತೋಟದ ಕಾಲುಸಂಕ ದಾಟಿಸಿದ್ದರಂತೆ. ಹಿಡಿದ ಮೇಲೂ ಹಾಗೇ ಗಾಡಿಗೆ ಹಾಕಿಕೊಂಡು ಹೋಗುವುದಿಲ್ಲ. ಬಂಧಿಸಿದವರನ್ನು, ಪ್ರಯಾಣದ ಹೊತ್ತು ಬಿಟ್ಟು, 24 ಗಂಟೆಯೊಳಗೆ ಹತ್ತಿರದ ಮ್ಯಾಜಿಸ್ಟ್ರೇಟರ ಮುಂದೆ ನಿಲ್ಲಿಸಬೇಕು. ಇದು ಸಂವಿಧಾನದ 22ನೇ ವಿಧಿಯಲ್ಲೇ ಇದೆ. ದೂರದ ರಾಜ್ಯಕ್ಕೆ ಕರೆದುಕೊಂಡು ಹೋಗುವುದಾದರೆ ಸಾಮಾನ್ಯವಾಗಿ ಇಲ್ಲಿನ ಕೋರ್ಟಿನಿಂದಲೇ ಆದೇಶ ತಗೊಳ್ಳುತ್ತಾರೆ. ಟ್ರಾನ್ಸಿಟ್ ರಿಮಾಂಡ್ ಎನ್ನುವುದು ಅದಕ್ಕೆ. ಕೋರ್ಟು, ಕಾಗದ, ಸಹಿ, ಮನುಷ್ಯರು ಎಲ್ಲ ಇದ್ದರೆ ಅದು ಅರೆಸ್ಟು. ಡಿಜಿಟಲ್ ಅರೆಸ್ಟ್ ಎನ್ನುವುದು ಯಾವ ಕಾನೂನಿನಲ್ಲೂ ಇಲ್ಲ.

ಹಾಗಂತ ಗೋವಾ ಕಡೆಯ ಮಾಜಾಳಿ ಗಡಿ ದಾಟಿದರೆ ಪೊಲೀಸರು ಅಲ್ಲೇ ನಿಲ್ಲುತ್ತಾರೆ ಅಂತಲೂ ಅಲ್ಲ. ವಾರಂಟ್ ಇಲ್ಲದೆ ಬಂಧಿಸಬಹುದಾದವನನ್ನು ಬೆನ್ನಟ್ಟಿಕೊಂಡು ದೇಶದ ಯಾವ ಮೂಲೆಗೂ ಹೋಗಲು ಕಾನೂನು ಬಿಡುತ್ತದೆ. ಆದರೆ ಬೆನ್ನಟ್ಟುವುದು ಅಂದರೆ ಕಾಲಿನಲ್ಲಿ, ಗಾಡಿಯಲ್ಲಿ. ವಾಟ್ಸಾಪ್‌ನಲ್ಲಿ ಅಲ್ಲ.

ಇನ್ನು ಸಿಬಿಐ. ಅದು ಎಲ್ಲಿಗೆ ಬೇಕಾದರೂ ನುಗ್ಗುವ ಇಡೀ ದೇಶದ ಪೊಲೀಸು ಎಂದು ನಾನೂ ನಂಬಿದ್ದೆ. ಪೊಲೀಸ್ ಎನ್ನುವುದು ರಾಜ್ಯದ ವಿಷಯ. ಸಿಬಿಐ ನಡೆಯುವುದು 1946ರ ದೆಹಲಿ ವಿಶೇಷ ಪೊಲೀಸ್ ಕಾಯ್ದೆಯ ಮೇಲೆ, ಅದರ 6ನೇ ಕಲಮಿನ ಪ್ರಕಾರ ರಾಜ್ಯದೊಳಗೆ ಬರಲು ಆ ರಾಜ್ಯ ಸರ್ಕಾರದ ಒಪ್ಪಿಗೆ ಬೇಕು. ಕರ್ನಾಟಕ ತನ್ನ ಸಾಮಾನ್ಯ ಒಪ್ಪಿಗೆಯನ್ನು 2024ರ ಸೆಪ್ಟೆಂಬರ್‌ನಲ್ಲೇ ಹಿಂದಕ್ಕೆ ಪಡೆದಿತ್ತು. ಅಂದರೆ ರಾಜ್ಯ ಸರ್ಕಾರ ಒಂದೊಂದೇ ಪ್ರಕರಣಕ್ಕೆ ಒಪ್ಪಬೇಕು, ಇಲ್ಲಾ ಹೈಕೋರ್ಟೋ ಸುಪ್ರೀಂ ಕೋರ್ಟೋ ಹೇಳಬೇಕು. ನನ್ನಂಥ ಅಡಿಕೆ ಬೆಳೆಗಾರನ ಸಿಮ್ಮಿಗೆ ಅಷ್ಟೆಲ್ಲ ಯಾರು ಮಾಡುತ್ತಾರೆ! ಎನ್‌ಐಎ ಬೇರೆ. 2008ರಲ್ಲಿ ಮುಂಬೈ ದಾಳಿಯ ನಂತರ ಬಂದ ಕಾಯ್ದೆಯದು, ಅವರಿಗೆ ರಾಜ್ಯದ ಒಪ್ಪಿಗೆ ಬೇಡ. ಆದರೂ ಅವರೂ ಮನೆಬಾಗಿಲಿಗೇ ಬರಬೇಕು. 'ಮತ್ತೆ ಸಿಬಿಐನವರು ಖಾಕಿ ಹಾಕಿಕೊಂಡು ಕೂತಿರ್ತಾರಾ ಮಾರಾಯ್ರೆ? ಅವರದ್ದು ಸಾದಾ ಬಟ್ಟೆ' ಎಂದು ದಫೇದಾರಣ್ಣ ನಕ್ಕರು. ಹೆಂಡತಿ ನಗಲಿಲ್ಲ.

ಇನ್ನೊಂದು ಆಮೇಲೆ ಗೊತ್ತಾಯಿತು. ವಿಚಾರಣೆಗೆ ಹಾಜರಾಗಿ ಎಂದು ಪೊಲೀಸರು ಕೊಡುವ ನೋಟಿಸನ್ನು ವಾಟ್ಸಾಪ್‌ನಲ್ಲಿ ಕಳಿಸುವ ಹಾಗಿಲ್ಲ ಎಂದು ಸುಪ್ರೀಂ ಕೋರ್ಟ್ 2025ರ ಜನವರಿಯಲ್ಲೇ ಹೇಳಿತ್ತು. ನಾನು ಅಟ್ಟದಲ್ಲಿ ಕೂತದ್ದು ಮಾರ್ಚ್‌ನಲ್ಲಿ.

ಆ ಸಂಜೆ ಅಟ್ಟದಿಂದ ಇಳಿಯುವ ಮೊದಲೇ ದಫೇದಾರಣ್ಣ ಸೈಬರ್ ಮೋಸದ ಸಹಾಯವಾಣಿ 1930ಕ್ಕೆ ಫೋನ್ ಮಾಡಿಸಿದರು. ಎಷ್ಟು ಬೇಗ ಮಾಡಿದರೆ ಅಷ್ಟು ಒಳ್ಳೆಯದು, ದುಡ್ಡು ಒಂದು ಖಾತೆಯಿಂದ ಇನ್ನೊಂದಕ್ಕೆ ಓಡುತ್ತಲೇ ಇರುತ್ತದೆ. ನನ್ನದರಲ್ಲಿ 1,38,000 ಮಾತ್ರ ಒಂದು ಖಾತೆಯಲ್ಲಿ ತಡೆಹಿಡಿದದ್ದು. ಉಳಿದದ್ದು ಮೂರು ರಾಜ್ಯಗಳ ಖಾತೆ ದಾಟಿ ಹೋಗಿತ್ತು. ಮರುದಿನ ಬೆಳಿಗ್ಗೆ ಶಿರಸಿ ಠಾಣೆ. 'ಇದು ಮುಂಬೈಯಲ್ಲಿ ಆದದ್ದಾ, ಇಲ್ಲಿ ಆದದ್ದಾ, ಎಲ್ಲಿ ದೂರು ಕೊಡುವುದು?' ಎಂಬ ಗೊಂದಲ ನನಗಿತ್ತು. ಅದು ಬೇಡ. ಅಪರಾಧ ಎಲ್ಲೇ ಆಗಿರಲಿ, ಯಾವ ಠಾಣೆಯಾದರೂ ದೂರು ಬರೆದುಕೊಳ್ಳಬೇಕು ಎಂದು 2024ರ ಜುಲೈ 1ರಿಂದ ಬಂದ ಹೊಸ ಕಾನೂನಿನಲ್ಲಿದೆ. ಝೀರೋ ಎಫ್‌ಐಆರ್ ಎನ್ನುವುದು ಇದಕ್ಕೇ. ನಾಳೆ ಬನ್ನಿ ಎಂದರೆ ಎದ್ದು ಬರಬೇಡಿ.

ಆಮೇಲೆ ಸೈಬರ್ ಅಪರಾಧ ನೋಡುವ ಕಾರವಾರದ ಸಿಇಎನ್ ಠಾಣೆಗೆ ಓಡಾಟ. ದೇವಿಮನೆ ಘಟ್ಟ ಇಳಿದು, ಕುಮಟಾ, ಅಂಕೋಲಾ ದಾಟಿ, ಒಂದು ದಿನವೇ ಹೋಗುತ್ತದೆ. ಅಲ್ಲಿ ಕೂತಾಗ ಒಂದು ವಿಷಯ ಹೊಟ್ಟೆ ಉರಿಸಿತು. ನನ್ನನ್ನು ಮುಂಬೈಯಿಂದ ಶಿರಸಿಗೆ ಒಂದೇ ಫೋನಿನಲ್ಲಿ 'ಬಂಧಿಸಿದ'ವರಿಗೆ ಯಾವ ಗಡಿಯೂ ಇರಲಿಲ್ಲ. ಅವರನ್ನು ಹುಡುಕುವ ನಮ್ಮ ಪೊಲೀಸರಿಗೆ ಎಲ್ಲ ಗಡಿಗಳೂ ಇವೆ. ಒಂದೊಂದು ಖಾತೆಗೂ ಒಂದೊಂದು ಪತ್ರ, ಒಂದೊಂದು ರಾಜ್ಯ. ಡಿಸೆಂಬರ್ 1ರಂದು ಸುಪ್ರೀಂ ಕೋರ್ಟ್ ದೇಶದ ಡಿಜಿಟಲ್ ಅರೆಸ್ಟ್ ಪ್ರಕರಣಗಳನ್ನು ಸಿಬಿಐ ನೋಡಲಿ ಎಂದಾಗ, ಒಪ್ಪಿಗೆ ಕೊಡದ ರಾಜ್ಯಗಳೂ ಇದಕ್ಕೆ ಮಾತ್ರ ಕೊಡಲಿ ಎಂದಾಗ, ನನಗೆ ಖುಷಿಯೇ ಆಯಿತು. ಎರಡೇ ವಾರಕ್ಕೆ ಒಂದು ಫೋನ್. 'ಸಿಬಿಐಯಿಂದ. ನಿಮ್ಮ ದುಡ್ಡು ಸಿಕ್ಕಿದೆ, ಬಿಡಿಸಲು 18,000 ಕಟ್ಟಿ.' ಕಳೆದುಕೊಂಡವರ ನಂಬರೂ ಮಾರಾಟ ಆಗುತ್ತದೆ ಅಂತ ಕಾಣುತ್ತದೆ. ಒಮ್ಮೆ ಮೋಸ ಹೋದವರು ಈ ಎರಡನೇ ಫೋನಿಗೆ ಜಾಸ್ತಿ ಎಚ್ಚರ ಇರಿ. ಆಸೆ ಹೆದರಿಕೆಗಿಂತ ಕೆಟ್ಟದ್ದು.

ಜನವರಿಯಲ್ಲಿ ಮತ್ತೊಂದು ಫೋನ್ ಬಂತು. ತೆಲಂಗಾಣ ಪೊಲೀಸ್ ಎಂದರು. ನಿಮ್ಮ ದುಡ್ಡು ಹಾದುಹೋದ ಖಾತೆಯವನೊಬ್ಬ ಸಿಕ್ಕಿದ್ದಾನೆ, ನಿಮ್ಮ ಹೇಳಿಕೆ ಬೇಕು ಎಂದು ಹಿಂದಿಯಲ್ಲಿ ಹೇಳಿದರು. ನಾನು ಅಂಗಳದಲ್ಲಿದ್ದೆ. ಧ್ವನಿ ಕಡಿಯುತ್ತಿತ್ತು, ಆದರೆ ಅಟ್ಟ ಹತ್ತಲಿಲ್ಲ. 'ನೀವು ನಿಜವೇ ಇರಬಹುದು ಸಾರ್. ಶಿರಸಿ ಠಾಣೆಗೆ ಹೇಳಿ, ಅವರು ಕರೆದರೆ ಬರುತ್ತೇನೆ' ಎಂದು ಇಟ್ಟುಬಿಟ್ಟೆ.

ಆರು ದಿನ ಕಳೆದು ಶಿರಸಿ ಠಾಣೆಯ ಪೊಲೀಸರೊಬ್ಬರು ಬೈಕಿನಲ್ಲಿ ಬಂದರು, ಕೈಯಲ್ಲಿ ಕಾಗದ. ತೆಲಂಗಾಣದವರು ನಿಜವಾಗಿಯೂ ಪೊಲೀಸರೇ. ನಮ್ಮ ಕಡೆ ಮನೆಗೆ ಬಂದವರಿಗೆ ಮೊದಲು 'ಆಸರಿಗೆ ಬೇಕಾ?', ಅಂದರೆ ಕುಡಿಯಲಿಕ್ಕೆ ಏನಾದರೂ ಬೇಕಾ, ಎಂದು ಕೇಳುವುದು ವಾಡಿಕೆ. ಹೆಂಡತಿ ಮೊದಲು ಐಡಿ ಕಾರ್ಡ್ ಕೇಳಿದಳು. ಕನ್ನಡಕ ಹಾಕಿಕೊಂಡು ಎರಡೂ ಬದಿ ನೋಡಿದಳು. ಮಜ್ಜಿಗೆ ತಂದದ್ದು ಆಮೇಲೆ.