ಹೋಮ್ ಲೋನ್ ಜೊತೆ ಹತ್ತು ವರ್ಷ: ಬಡ್ಡಿ ದರ ನೋಡಿದ್ದು ಸಾಕು, ಉಳಿದ ಕಂತು ನೋಡಿ

ಮೈಸೂರಿನಲ್ಲಿ ನಮ್ಮ 30×40 ಸೈಟಿನಲ್ಲಿ ಮನೆ ಕಟ್ಟಲು 2016ರಲ್ಲಿ ಬ್ಯಾಂಕಿನಿಂದ 40 ಲಕ್ಷ ರೂಪಾಯಿ ಸಾಲ ತೆಗೆದುಕೊಂಡೆವು. ಇಪ್ಪತ್ತು ವರ್ಷದ ಅವಧಿ, ಫ್ಲೋಟಿಂಗ್ ಬಡ್ಡಿ (ಆಗಾಗ ಏರಿಳಿಯುವ ದರ), ಶುರುವಿನಲ್ಲಿ ಶೇ 9.5. ಸಾಲ ಇನ್ನೂ ನಡೆಯುತ್ತಿದೆ. ಹೋಮ್ ಲೋನ್ ಬಗ್ಗೆ ನಾನು ಓದಿದ ವಿಮರ್ಶೆಗಳು ಹೆಚ್ಚಾಗಿ ಸಾಲ ಕೈಗೆ ಬಂದ ಹೊಸತರಲ್ಲಿ ಬರೆದವು. ಎಷ್ಟು ಬೇಗ ಸ್ಯಾಂಕ್ಷನ್ ಆಯಿತು, ಪ್ರೊಸೆಸಿಂಗ್ ಫೀ ಎಷ್ಟು ಬಿಟ್ಟರು, ಮ್ಯಾನೇಜರ್ ಎಷ್ಟು ಚೆನ್ನಾಗಿ ಮಾತಾಡಿದರು, ಇಷ್ಟೇ. ಇಪ್ಪತ್ತು ವರ್ಷ ಜೊತೆಗಿರುವ ಸಾಲಕ್ಕೆ ಅಷ್ಟು ಸಾಕಾಗುವುದಿಲ್ಲ ಅಲ್ವಾ?

ಮೊದಲೇ ಹೇಳಿಬಿಡುತ್ತೇನೆ. ಈ ಸಾಲ ಸಿಗದಿದ್ದರೆ ನಮಗೆ ಮನೆ ಆಗುತ್ತಿರಲಿಲ್ಲ. ದುಡ್ಡು ಕೂಡಿಸಿಕೊಂಡು ಆಮೇಲೆ ಕಟ್ಟೋಣ ಅಂತ ಕೂತಿದ್ದರೆ ಸಿಮೆಂಟು, ಕಬ್ಬಿಣ, ಕೂಲಿ ಎಲ್ಲವೂ ನಮ್ಮ ಉಳಿತಾಯಕ್ಕಿಂತ ಮುಂದೆ ಓಡುತ್ತಿದ್ದವು. ಹಾಗಾಗಿ ಸಾಲ ಮಾಡಬೇಡಿ ಅಂತ ಹೇಳಲು ಇದನ್ನು ಬರೆಯುತ್ತಿಲ್ಲ. ಅದರ ನಿಜವಾದ ಬೆಲೆ ಎಷ್ಟು, ಆ ಬೆಲೆ ಗೊತ್ತಾಗದ ಹಾಗೆ ಏರುವುದು ಎಲ್ಲಿ, ಅದನ್ನು ಹೇಳಬೇಕು.

40 ಲಕ್ಷಕ್ಕೆ ಶೇ 9.5ರ ಲೆಕ್ಕದಲ್ಲಿ 240 ತಿಂಗಳು ಕಟ್ಟಿದರೆ ಕಂತು 37,285 ರೂಪಾಯಿ. ಗುಣಿಸಿ ನೋಡಿ. ಒಟ್ಟು 89.48 ಲಕ್ಷ ಆಗುತ್ತದೆ. ಬಡ್ಡಿಯೇ 49.48 ಲಕ್ಷ, ಅಸಲಿಗಿಂತ ಜಾಸ್ತಿ. ಮೊದಲ ತಿಂಗಳ ಕಂತಿನಲ್ಲಿ 31,667 ರೂಪಾಯಿ ಬಡ್ಡಿಗೆ ಹೋಗುತ್ತದೆ, 5,618 ಮಾತ್ರ ಅಸಲಿಗೆ. ಮೊದಲ ವರ್ಷ ಪೂರ್ತಿ ಕಟ್ಟುವುದು 4.47 ಲಕ್ಷ, ಅದರಲ್ಲಿ ಅಸಲು ಇಳಿಯುವುದು 70 ಸಾವಿರ ಚಿಲ್ಲರೆ. ದರ ಹಾಗೇ ಇದ್ದರೆ ಐದು ವರ್ಷದಲ್ಲಿ 22.37 ಲಕ್ಷ ಕಟ್ಟಿದ ಮೇಲೂ ಬಾಕಿ ಸುಮಾರು 35.7 ಲಕ್ಷ ಇರುತ್ತದೆ. ಅಸಲು ಅರ್ಧಕ್ಕೆ ಇಳಿಯುವ ಹೊತ್ತಿಗೆ 14 ವರ್ಷ ಕಳೆದಿರುತ್ತದೆ.

ಇದರಲ್ಲಿ ಬ್ಯಾಂಕಿನ ಮೋಸ ಏನೂ ಇಲ್ಲ. ಬಾಕಿ ಇರುವ ಅಸಲಿನ ಮೇಲೆ ಆ ತಿಂಗಳ ಬಡ್ಡಿ ಮೊದಲು ಮುರಿದುಕೊಳ್ಳುತ್ತಾರೆ, ಮಿಕ್ಕಿದ್ದು ಅಸಲಿಗೆ ಜಮಾ ಆಗುತ್ತದೆ. ಶುರುವಿನಲ್ಲಿ ಅಸಲು ದೊಡ್ಡದು, ಹಾಗಾಗಿ ಬಡ್ಡಿಯೂ ದೊಡ್ಡದು. ಇದನ್ನು ಅರ್ಥ ಮಾಡಿಕೊಂಡರೆ ಮುಂದಿನದೆಲ್ಲ ಸುಲಭ.

ಮನೆ ಕಟ್ಟುವವರಿಗೆ ಕಂತಿನ ಲೆಕ್ಕದಲ್ಲಿ ಕಾಣದ ಖರ್ಚು ಇನ್ನೊಂದಿದೆ. ಬ್ಯಾಂಕು ಹಣವನ್ನು ಒಟ್ಟಿಗೆ ಕೊಡುವುದಿಲ್ಲ. ತಳಪಾಯ ಆದಮೇಲೆ ಒಂದಿಷ್ಟು, ಆರ್‌ಸಿಸಿ ಹಾಕಿದ ಮೇಲೆ ಒಂದಿಷ್ಟು, ಹೀಗೆ ಹಂತ ಹಂತವಾಗಿ ಬಿಡುತ್ತಾರೆ. ಅಲ್ಲಿಯವರೆಗೆ ಬಿಡುಗಡೆಯಾದ ಹಣಕ್ಕೆ ಬರೀ ಬಡ್ಡಿ ಕಟ್ಟಬೇಕು. ಇದೇ ಪ್ರಿ-ಇಎಂಐ. 20 ಲಕ್ಷ ಬಿಡುಗಡೆಯಾಗಿದ್ದರೆ ಅದೇ ದರದಲ್ಲಿ ತಿಂಗಳಿಗೆ 15,833 ರೂಪಾಯಿ. ಅಸಲು ಒಂದು ರೂಪಾಯಿಯೂ ಇಳಿಯುವುದಿಲ್ಲ. ಇತ್ತ ಬಾಡಿಗೆ ಮನೆಯ ಬಾಡಿಗೆಯೂ ನಡೆಯುತ್ತಿರುತ್ತದೆ. ಮೇಸ್ತ್ರಿ ತಡ ಮಾಡಿದ ಒಂದೊಂದು ತಿಂಗಳೂ ದುಬಾರಿ.

ಇನ್ನು ಬಡ್ಡಿ ದರದ ವಿಷಯ. ನಮ್ಮದು ಎಂಸಿಎಲ್‌ಆರ್‌ಗೆ ಜೋಡಿಸಿದ ಸಾಲ ಆಗಿತ್ತು. ಬ್ಯಾಂಕು ತನಗೆ ತಗಲುವ ಹಣದ ವೆಚ್ಚ ನೋಡಿ ತಾನೇ ನಿಗದಿ ಮಾಡುವ ದರ ಇದು. 2016ರ ಏಪ್ರಿಲ್‌ನಿಂದ ಬಂದ ಪದ್ಧತಿ ಅದು. ಅದರಲ್ಲಿ ರಿಸರ್ವ್ ಬ್ಯಾಂಕ್ ರೆಪೋ ದರ (ಬ್ಯಾಂಕುಗಳಿಗೆ ತಾನು ಸಾಲ ಕೊಡುವ ದರ) ಇಳಿಸಿದರೂ ನಮ್ಮವರೆಗೆ ಬರಲು ತುಂಬ ತಡವಾಗುತ್ತಿತ್ತು, ಬಂದರೂ ಪೂರ್ತಿ ಬರುತ್ತಿರಲಿಲ್ಲ. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳ ಹೊಸ ಫ್ಲೋಟಿಂಗ್ ಗೃಹ ಸಾಲಗಳನ್ನು ರೆಪೋದಂಥ ಹೊರಗಿನ ದರಕ್ಕೆ ಜೋಡಿಸಬೇಕು, ಮೂರು ತಿಂಗಳಿಗೊಮ್ಮೆಯಾದರೂ ದರ ಬದಲಿಸಬೇಕು ಎಂಬ ನಿಯಮ ಬಂತು. ಹಳಬರು ಕೇಳಿಕೊಂಡು ಬದಲಾಯಿಸಿಕೊಳ್ಳಬೇಕು, ತಾನಾಗಿ ಆಗುವುದಿಲ್ಲ. ನಾವು ಅರ್ಜಿ ಕೊಟ್ಟು, ಸಣ್ಣ ಶುಲ್ಕ ಕಟ್ಟಿ ಬದಲಾಯಿಸಿಕೊಂಡೆವು. 2020ರ ಮೇ ತಿಂಗಳಲ್ಲಿ ರೆಪೋ ಶೇ 4ಕ್ಕೆ ಇಳಿದಾಗ ಆ ಶುಲ್ಕದಷ್ಟು ಹಣ ಕೆಲವೇ ತಿಂಗಳಲ್ಲಿ ಬಡ್ಡಿಯಲ್ಲೇ ಉಳಿಯಿತು. ಇವತ್ತಿಗೂ ಎಂಸಿಎಲ್‌ಆರ್‌ನಲ್ಲೋ ಅದಕ್ಕೂ ಹಳೆಯ ಬೇಸ್ ರೇಟಿನಲ್ಲೋ ಸಾಲ ಇಟ್ಟುಕೊಂಡವರು ಇದ್ದಾರೆ. ದಯವಿಟ್ಟು ಈ ವಾರವೇ ಬ್ರಾಂಚಿಗೆ ಹೋಗಿ ವಿಚಾರಿಸಿ.

ಆ ವರ್ಷವೇ ಕೊರೊನಾ ಮೊರಟೋರಿಯಂ ಬಂತು. ಮಾರ್ಚ್‌ನಿಂದ ಆಗಸ್ಟ್‌ವರೆಗೆ ಆರು ತಿಂಗಳು ಕಂತು ಕಟ್ಟದಿದ್ದರೂ ನಡೆಯುತ್ತದೆ ಅಂದರು. ನಮಗೆ ಸಂಬಳ ನಿಲ್ಲಲಿಲ್ಲ, ಹಾಗಾಗಿ ನಾವು ತೆಗೆದುಕೊಳ್ಳಲಿಲ್ಲ. ಕೆಲಸ ಹೋದವರಿಗೆ ಅದು ನಿಜಕ್ಕೂ ಉಸಿರಾಡಲು ಜಾಗ ಕೊಟ್ಟಿತು. ಆದರೆ ಬಡ್ಡಿ ನಿಲ್ಲಲಿಲ್ಲ ಅನ್ನುವುದು ಎಷ್ಟೋ ಜನರಿಗೆ ಗೊತ್ತಾದದ್ದು ಆಮೇಲೆ. 35 ಲಕ್ಷ ಬಾಕಿಗೆ ಶೇ 8ರ ದರ ಅಂದುಕೊಂಡರೆ ಆರು ತಿಂಗಳಿಗೆ ಸುಮಾರು 1.42 ಲಕ್ಷ ಬಡ್ಡಿ ಅಸಲಿಗೆ ಸೇರುತ್ತದೆ. ಸರ್ಕಾರ ಆಮೇಲೆ 2 ಕೋಟಿವರೆಗಿನ ಸಾಲಗಳಿಗೆ ಚಕ್ರಬಡ್ಡಿ ಮತ್ತು ಸರಳ ಬಡ್ಡಿಯ ವ್ಯತ್ಯಾಸ ವಾಪಸ್ ಕೊಟ್ಟಿತು. ಈ ಲೆಕ್ಕದಲ್ಲಿ ಆ ವ್ಯತ್ಯಾಸ ಎರಡು ಸಾವಿರದ ಮುನ್ನೂರು ಚಿಲ್ಲರೆ, ಅಷ್ಟೇ.

ಈಗ ನಾನು ಮುಖ್ಯವಾಗಿ ಹೇಳಬೇಕಾದ ಮಾತಿಗೆ ಬರುತ್ತೇನೆ.

2022ರ ಮೇ 4ರಂದು ರಿಸರ್ವ್ ಬ್ಯಾಂಕ್ ನಿಗದಿಯಾಗದ ಸಭೆ ಸೇರಿ ರೆಪೋ ಏರಿಸಿತು. 2023ರ ಫೆಬ್ರವರಿ ಹೊತ್ತಿಗೆ ಶೇ 4 ಇದ್ದದ್ದು ಶೇ 6.5 ಆಗಿತ್ತು. ನಮ್ಮ ಖಾತೆಯಿಂದ ಪ್ರತಿ ತಿಂಗಳು ಕಡಿತವಾಗುವ ಕಂತು ಮಾತ್ರ ಹಾಗೇ ಇತ್ತು. ದರ ಬದಲಾಗಿದೆ ಅಂತ ಎಸ್‌ಎಂಎಸ್ ಬರುತ್ತಿತ್ತು, ಅವಧಿ ಎಷ್ಟು ಉದ್ದವಾಯಿತು ಅನ್ನುವುದು ಅದರಲ್ಲಿ ಇರುತ್ತಿರಲಿಲ್ಲ. ದರ ಏರಿದಾಗ ಕಂತು ಏರಿಸುವ ಬದಲು ತಿಂಗಳುಗಳನ್ನು ಸೇರಿಸುವುದು ಬ್ಯಾಂಕುಗಳ ರೂಢಿ. ಮನೆಯ ತಿಂಗಳ ಖರ್ಚು ಅಲುಗಾಡುವುದಿಲ್ಲ, ಆದ್ದರಿಂದ ಯಾರೂ ಗಾಬರಿಯಾಗುವುದಿಲ್ಲ. ಆದರೆ ಸಾಲದ ಬೆಲೆ ಏರುವುದು ಅಲ್ಲೇ.

ಒಂದು ಲೆಕ್ಕ ಮಾಡೋಣ. 30 ಲಕ್ಷ ಬಾಕಿ ಇದೆ, 15 ವರ್ಷ ಉಳಿದಿದೆ, ದರ ಶೇ 6.9. ಕಂತು ಸುಮಾರು 26,800 ರೂಪಾಯಿ. ದರ ಶೇ 9.4 ಆಯಿತು ಅಂದುಕೊಳ್ಳಿ, ಅಂದರೆ ಅದೇ ಎರಡೂವರೆ ಪರ್ಸೆಂಟ್ ಏರಿಕೆ. ಕಂತು ಹಾಗೇ ಬಿಟ್ಟರೆ 15 ವರ್ಷ ಇದ್ದದ್ದು 22 ವರ್ಷ ದಾಟುತ್ತದೆ. ಒಟ್ಟು ಕಟ್ಟುವುದು ಸುಮಾರು 72 ಲಕ್ಷ. ಅವಧಿಯನ್ನು 15 ವರ್ಷಕ್ಕೇ ನಿಲ್ಲಿಸಿ ಕಂತನ್ನು 31,150ರ ಹತ್ತಿರಕ್ಕೆ ಏರಿಸಿಕೊಂಡರೆ ಒಟ್ಟು 56 ಲಕ್ಷ. ತಿಂಗಳಿಗೆ ನಾಲ್ಕು ಸಾವಿರದ ಮುನ್ನೂರೈವತ್ತು ರೂಪಾಯಿ ಜಾಸ್ತಿ ಕಟ್ಟಿದ್ದಕ್ಕೆ 16 ಲಕ್ಷದಷ್ಟು ಉಳಿಯಿತು. ಮುಂದೆ ದರ ಇಳಿದರೆ ಈ ಅಂಕಿ ಕಡಿಮೆಯಾಗುತ್ತದೆ ನಿಜ, ಆದರೆ ಇಳಿದೇ ಇಳಿಯುತ್ತದೆ ಅಂತ ಯಾರು ಬರೆದುಕೊಡುತ್ತಾರೆ? 45 ವರ್ಷದವರಿಗೆ ಈ ಏಳು ವರ್ಷ ಅಂದರೆ ನಿವೃತ್ತಿಯ ಆಚೆಗೂ ಕಂತು.

ನಾವು 2023ರಲ್ಲಿ ಬ್ರಾಂಚಿಗೆ ಹೋಗಿ ಕಂತು ಏರಿಸಿ, ಅವಧಿ ಮೊದಲಿನಂತೆ ಮಾಡಿ ಅಂತ ಪತ್ರ ಕೊಟ್ಟೆವು. "ಬಿಡಿ ಸಾರ್, ಕಂತು ಅಷ್ಟೇ ಇದೆಯಲ್ಲ, ಯಾಕೆ ಹೊರೆ ಮಾಡ್ಕೋತೀರಾ" ಅಂದರು. ಒಳ್ಳೆಯ ಮನಸ್ಸಿನಿಂದಲೇ ಹೇಳಿದ್ದು ಅಂತ ನಂಬುತ್ತೇನೆ. ಆದರೂ ಒಂದು ಹಾಳೆಯ ಪತ್ರವನ್ನು ಜಾರಿಗೆ ತರಲು ಅವರು ತೆಗೆದುಕೊಂಡ ಸಮಯ, ಮತ್ತೆ ಮತ್ತೆ ನೆನಪಿಸಬೇಕಾದ ಪಾಡು ಬೇಸರ ತರಿಸಿತು. ಈ ಸೇವೆಗೆ ನಾನು ಕಡಿಮೆ ಅಂಕ ಕೊಡುವುದು ಇದೊಂದೇ ಕಾರಣಕ್ಕೆ.

ಈಗ ಪರಿಸ್ಥಿತಿ ಸ್ವಲ್ಪ ಸುಧಾರಿಸಿದೆ. 2023ರ ಆಗಸ್ಟ್ 18ರ ರಿಸರ್ವ್ ಬ್ಯಾಂಕ್ ಸುತ್ತೋಲೆಯ ಪ್ರಕಾರ ದರ ಬದಲಾದಾಗ ಕಂತು ಏರಿಸಬೇಕಾ, ಅವಧಿ ಉದ್ದ ಮಾಡಬೇಕಾ, ಎರಡೂ ಸ್ವಲ್ಪ ಸ್ವಲ್ಪವಾ ಅನ್ನುವ ಆಯ್ಕೆ ಸಾಲಗಾರರದು. ಮೂರು ತಿಂಗಳಿಗೊಮ್ಮೆ ಸ್ಟೇಟ್‌ಮೆಂಟ್ ಸಿಗುವಂತೆ ಮಾಡಬೇಕು. ಇಲ್ಲಿಯವರೆಗೆ ಹೋದ ಅಸಲು, ಬಡ್ಡಿ, ಕಂತಿನ ಮೊತ್ತ, ಉಳಿದ ಕಂತುಗಳ ಸಂಖ್ಯೆ ಅದರಲ್ಲಿ ಇರಲೇಬೇಕು. ಆ ಕೊನೆಯ ಸಂಖ್ಯೆಯನ್ನು ಒಂದು ನೋಟ್‌ಬುಕ್ಕಿನಲ್ಲಿ ಬರೆದಿಡಿ. ಮೂರು ತಿಂಗಳಲ್ಲಿ ಅದು ಮೂರು ಇಳಿದಿರಬೇಕು. ಇಳಿಯದೆ ನಿಂತಿದ್ದರೆ ಅಥವಾ ಏರಿದ್ದರೆ ಅವತ್ತೇ ಬ್ಯಾಂಕಿಗೆ ಬರೆಯಿರಿ.

2025ರಲ್ಲಿ ರೆಪೋ ನಾಲ್ಕು ಸಲ ಇಳಿದು ಶೇ 5.25ಕ್ಕೆ ಬಂತು. ಇಂಥ ಹೊತ್ತಿನಲ್ಲಿ ಕಂತು ಕಡಿಮೆ ಮಾಡಿಸಿಕೊಳ್ಳುವ ಆಸೆ ಸಹಜ. ಸಂಸಾರ ಬಿಗಿಯಾಗಿದ್ದರೆ ಖಂಡಿತ ಮಾಡಿಸಿಕೊಳ್ಳಿ. ಸಂಬಳಕ್ಕೆ ಕಂತು ಒಗ್ಗಿ ಹೋಗಿದ್ದರೆ ಹಾಗೇ ಬಿಡಿ, ತಿಂಗಳುಗಳು ಉದುರುತ್ತವೆ. ಜೊತೆಗೆ ನಿಮ್ಮ ಸ್ಪ್ರೆಡ್ ಎಷ್ಟು ಅಂತ ಕೇಳಿ. ರೆಪೋ ಮೇಲೆ ಬ್ಯಾಂಕು ಸೇರಿಸಿಕೊಳ್ಳುವ ಭಾಗ ಅದು. ಹೊಸ ಗಿರಾಕಿಗೆ ಕಡಿಮೆ, ಹಳಬರಿಗೆ ಜಾಸ್ತಿ ಇರುವುದು ಅಪರೂಪವೇನಲ್ಲ. ಹತ್ತು ವರ್ಷ ಒಂದು ಕಂತೂ ತಪ್ಪಿಸದವರಿಗಿಂತ ನಿನ್ನೆ ಬಂದವರಿಗೆ ಕಡಿಮೆ ದರ ಕೊಡುವುದು ನನಗೆ ನ್ಯಾಯ ಅನಿಸುವುದಿಲ್ಲ. ಬೇರೆ ಬ್ಯಾಂಕಿನ ಆಫರ್ ಪತ್ರ ಹಿಡಿದು ಕೇಳಿದರೆ ಮಾತು ಬೇಗ ಮುಂದುವರಿಯುತ್ತದೆ.

ಸಾಲವನ್ನು ಮುಂಚಿತವಾಗಿ ತೀರಿಸುವ ವಿಷಯದಲ್ಲಿ ನಾನು ಪೂರ್ತಿ ಅಂಕ ಕೊಡುತ್ತೇನೆ. 2012ರ ಜೂನ್‌ನಿಂದಲೇ ವ್ಯಕ್ತಿಗಳ ಫ್ಲೋಟಿಂಗ್ ಗೃಹ ಸಾಲಕ್ಕೆ ಬ್ಯಾಂಕುಗಳು ಪ್ರಿಪೇಮೆಂಟ್ ದಂಡ ಹಾಕುವಂತಿಲ್ಲ. ನಮ್ಮ 40 ಲಕ್ಷದ ಲೆಕ್ಕವನ್ನೇ ತೆಗೆದುಕೊಂಡರೆ, ಮೊದಲ ವರ್ಷದ ಕೊನೆಗೆ ಒಂದು ಲಕ್ಷ ಜಾಸ್ತಿ ಕಟ್ಟಿದರೆ ಕೊನೆಯಲ್ಲಿ 15 ಕಂತು ಕಡಿಮೆಯಾಗುತ್ತವೆ. ಅದೇ ಲಕ್ಷವನ್ನು 15ನೇ ವರ್ಷದ ಕೊನೆಗೆ ಕಟ್ಟಿದರೆ ಕಡಿಮೆಯಾಗುವುದು ನಾಲ್ಕು ಕಂತು. ಬೋನಸ್ಸೋ, ಚೀಟಿ ದುಡ್ಡೋ, ಊರಿನ ತೋಟದಿಂದ ಬಂದ ಹಣವೋ, ಮೊದಲ ಐದಾರು ವರ್ಷದಲ್ಲಿ ಹಾಕಿದ್ದಕ್ಕೆ ಇರುವ ಬಲ ಆಮೇಲೆ ಇರುವುದಿಲ್ಲ. ಹಾಗಂತ ಕೈಯಲ್ಲಿರುವುದನ್ನೆಲ್ಲ ಸುರಿಯಬೇಡಿ. ಆಸ್ಪತ್ರೆ, ಮಕ್ಕಳ ಫೀಸು ಅಂತ ಬಂದಾಗ ಪರ್ಸನಲ್ ಲೋನ್ ಮಾಡಬೇಕಾದರೆ ಉಳಿಸಿದ್ದೆಲ್ಲ ಹೋಯಿತು. ಹಣ ಕಟ್ಟುವಾಗ "ಅವಧಿ ಕಡಿಮೆ ಮಾಡಿ, ಕಂತು ಬೇಡ" ಅಂತ ಬರೆದು ಕೊಟ್ಟು, ಹೊಸ ಷೆಡ್ಯೂಲ್ ಪ್ರಿಂಟ್ ಪಡೆಯಿರಿ.

ತೆರಿಗೆ ಉಳಿಯುತ್ತದೆ, ಆದ್ದರಿಂದ ಸಾಲ ತೀರಿಸಬೇಡಿ ಅನ್ನುವವರು ಎಲ್ಲ ಆಫೀಸಿನಲ್ಲೂ ಒಬ್ಬರಾದರೂ ಇರುತ್ತಾರೆ. ಹಳೆ ತೆರಿಗೆ ಪದ್ಧತಿಯಲ್ಲಿ ಸ್ವಂತ ವಾಸದ ಮನೆಗೆ ವರ್ಷಕ್ಕೆ 2 ಲಕ್ಷದವರೆಗಿನ ಬಡ್ಡಿಗೆ ಮಾತ್ರ ವಿನಾಯಿತಿ. ಶೇ 30ರ ಸ್ಲ್ಯಾಬಿನವರಿಗೂ ಅದರಿಂದ ಉಳಿಯುವುದು ಸೆಸ್ ಸೇರಿ 62,400 ರೂಪಾಯಿ. ಮೊದಲ ವರ್ಷ ನಾವು ಕಟ್ಟುವ ಬಡ್ಡಿ 3.77 ಲಕ್ಷ. ಹೊಸ ಪದ್ಧತಿಯಲ್ಲಿ ಸ್ವಂತ ವಾಸದ ಮನೆಗೆ ಆ ವಿನಾಯಿತಿಯೂ ಇಲ್ಲ.

ಸಾಲದ ಜೊತೆ ಅಂಟಿಸುವ ಇನ್ಶೂರೆನ್ಸ್ ಬಗ್ಗೆ ಎಚ್ಚರ ಇರಲಿ. ಸಾಲಗಾರರಿಗೆ ಏನಾದರೂ ಆದರೆ ಮನೆಯವರ ಮೇಲೆ ಹೊರೆ ಬೀಳಬಾರದು, ಹಾಗಾಗಿ ವಿಮೆ ಬೇಕೇ ಬೇಕು. ಆದರೆ ಒಂದೇ ಸಲದ ಪ್ರೀಮಿಯಂ 1.2 ಲಕ್ಷವನ್ನು ಸಾಲಕ್ಕೇ ಸೇರಿಸಿದರೆ ಇಪ್ಪತ್ತು ವರ್ಷ ಅದಕ್ಕೂ ಬಡ್ಡಿ ಕಟ್ಟಬೇಕು. ಶೇ 9.5ರಲ್ಲಿ ಅದು 2.68 ಲಕ್ಷ ಆಗುತ್ತದೆ. ಬೇರೆಯಾಗಿ ಟರ್ಮ್ ಪಾಲಿಸಿ ತೆಗೆದುಕೊಂಡು ತೋರಿಸಬಹುದು. ಬ್ಯಾಂಕು ಹೇಳಿದ ಕಂಪನಿಯದೇ ಆಗಬೇಕು ಎಂಬ ಕಾನೂನು ಇಲ್ಲ.

ಫ್ಲ್ಯಾಟ್ ಕೊಳ್ಳುವವರಿಗೆ ಒಂದು ಮಾತು. 30ರಿಂದ 75 ಲಕ್ಷದ ಸಾಲಗಳಿಗೆ ಬ್ಯಾಂಕು ಮನೆ ಬೆಲೆಯ ಶೇ 80ರವರೆಗೆ ಮಾತ್ರ ಕೊಡಬಹುದು, ಅದರಲ್ಲಿ ಸ್ಟಾಂಪ್ ಡ್ಯೂಟಿ, ನೋಂದಣಿ ಸೇರುವುದಿಲ್ಲ. ಕರ್ನಾಟಕದಲ್ಲಿ 2025ರ ಆಗಸ್ಟ್ 31ರಿಂದ ನೋಂದಣಿ ಶುಲ್ಕ ಶೇ 1ರಿಂದ ಶೇ 2 ಆಗಿದೆ. 70 ಲಕ್ಷದ ಫ್ಲ್ಯಾಟಿಗೆ ಸ್ಟಾಂಪು, ಸೆಸ್ಸು, ನೋಂದಣಿ ಸೇರಿ 5 ಲಕ್ಷ ದಾಟುತ್ತದೆ. ಕೈಯಿಂದ ಹಾಕುವ 14 ಲಕ್ಷದ ಮೇಲೆ ಇದು ಬೇರೆ. ಇದನ್ನು ಸ್ನೇಹಿತರ ಹತ್ತಿರವೋ ಪರ್ಸನಲ್ ಲೋನೋ ಮಾಡಿ ಹೊಂದಿಸಿದರೆ ಮೊದಲ ಮೂರು ವರ್ಷ ತುಂಬ ಕಷ್ಟ. 2024ರ ಅಕ್ಟೋಬರ್‌ನಿಂದ ಹೊಸ ಸಾಲಗಳಿಗೆ ಮುಖ್ಯ ವಿವರಗಳ ಹಾಳೆ, ಅಂದರೆ ಕೀ ಫ್ಯಾಕ್ಟ್ ಸ್ಟೇಟ್‌ಮೆಂಟ್ ಕೊಡುವುದು ಕಡ್ಡಾಯ. ಶುಲ್ಕಗಳೂ ಸೇರಿದ ವಾರ್ಷಿಕ ದರ ಅದರಲ್ಲಿ ಎಪಿಆರ್ ಅಂತ ಇರುತ್ತದೆ. ಎರಡು ಬ್ಯಾಂಕುಗಳನ್ನು ಹೋಲಿಸುವಾಗ ಆ ಎಪಿಆರ್ ಅಂಕಿಯನ್ನೇ ಪಕ್ಕಪಕ್ಕ ಇಟ್ಟು ನೋಡಿ.

ಸಾಲ ತೀರಿದ ಮೇಲಿನ ಕೆಲಸವನ್ನು ಮರೆಯುವವರು ಬಹಳ. ಬ್ಯಾಂಕು 30 ದಿನದೊಳಗೆ ಮೂಲ ಪತ್ರಗಳನ್ನು ವಾಪಸ್ ಕೊಡಬೇಕು, ತನ್ನ ಕಡೆಯಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕು. 2023ರ ಡಿಸೆಂಬರ್ 1ರಿಂದ ಈ ನಿಯಮ ಇದೆ. ಪತ್ರ ಕೈಗೆ ಬಂತು ಅಂತ ಸುಮ್ನೆ ಇರಬೇಡಿ. ಸಾಲ ತೆಗೆದುಕೊಳ್ಳುವಾಗ ಸಬ್‌ರಿಜಿಸ್ಟ್ರಾರ್ ಕಚೇರಿಯಲ್ಲಿ ಅಡಮಾನ ನೋಂದಣಿಯಾಗಿದ್ದರೆ, ಅದರ ಬಿಡುಗಡೆಯೂ ಅಲ್ಲೇ ನೋಂದಣಿಯಾಗಬೇಕು. ಇಲ್ಲದಿದ್ದರೆ ಇಸಿಯಲ್ಲಿ (ಆಸ್ತಿಯ ಋಣಭಾರ ಪತ್ರದಲ್ಲಿ) ಬ್ಯಾಂಕಿನ ಹೆಸರು ಹಾಗೇ ಉಳಿಯುತ್ತದೆ. ನನ್ನ ಸಹೋದ್ಯೋಗಿಯೊಬ್ಬರು ಮನೆ ಮಾರಲು ಹೊರಟಾಗ, ಎಂದೋ ತೀರಿದ ಸಾಲ ಇಸಿಯಲ್ಲಿ ಕಂಡು ಕೊಳ್ಳುವವರು ಹಿಂದೆ ಸರಿದರು. ಅಷ್ಟರಲ್ಲಿ ಸಾಲ ಕೊಟ್ಟ ಬ್ರಾಂಚು ಬೇರೆ ಬ್ರಾಂಚಿನ ಜೊತೆ ಸೇರಿಹೋಗಿತ್ತು, ಹಳೆ ಫೈಲು ಹುಡುಕಿಸಲು ಅವರು ತಿಂಗಳುಗಟ್ಟಲೆ ಅಲೆದರು. ಕೊನೆಯ ಕಂತು ಕಟ್ಟಿದ ತಿಂಗಳಲ್ಲೇ ಬಾಕಿ ಇಲ್ಲ ಅನ್ನುವ ನೋ ಡ್ಯೂ ಪತ್ರ, ಮೂಲ ಪತ್ರ, ಬಿಡುಗಡೆ ಪತ್ರದ ನೋಂದಣಿ ಮೂರನ್ನೂ ಮುಗಿಸಿ, ನೋಂದಣಿ ಇಲಾಖೆಯ ಕಾವೇರಿ ಪೋರ್ಟಲ್‌ನಲ್ಲಿ ಹೊಸ ಇಸಿ ತೆಗೆಸಿ ಒಂದು ಸಲ ಕಣ್ಣಾಡಿಸಿ.